ಬಾಗಿಲ ಹೊರಗೆ ಕಾಲು ಗಂಟೆ

ಪಿತೃಪಕ್ಷ ಬಂತೆಂದರೆ ನನಗೆ ಮೈ ಪರಚಿಕೊಳ್ಳುವ ಹಾಗಾಗುತ್ತದೆ. ಮಹಾಲಯ ಅಮಾವಾಸ್ಯೆಯ ದಿನ ಸತ್ತ ಹಿರಿಯರಿಗೆ ಅವರ ಇಷ್ಟದ್ದನ್ನೆಲ್ಲ ಬಾಳೆ ಎಲೆಯ ಮೇಲೆ ಎಡೆ ಇಡಬೇಕು. ನಮ್ಮಪ್ಪನಿಗೆ ಇಷ್ಟವಾಗಿದ್ದು ತಲೆಮಾಂಸ, ಬೋಟಿ ಗೊಜ್ಜು, ಮತ್ತೆ ಬ್ರಾಂದಿ. ಮನೆಯಲ್ಲಿ ಗಂಡುಮಕ್ಕಳಿಲ್ಲ, ಹಾಗಾಗಿ ಬ್ರಾಂದಿ ತರುವವಳು ನಾನೇ. ಈ ಸಲವೂ ವಿಜಯನಗರದ ವೈನ್ ಸ್ಟೋರಿನ ಮುಂದೆ ಗಂಡಸರ ನಡುವೆ ನಿಂತೆ.

"ಯಾರಿಗೆ ಮೇಡಂ?" ಅಂದ ಅಂಗಡಿಯವನು.

"ಸತ್ತೋರಿಗೆ" ಅಂದೆ. ಬಾಟಲಿಗೆ ಪೇಪರ್ ಸುತ್ತಿ ಕೊಟ್ಟ.

ಗೋವಿಂದರಾಜನಗರದ ಬಾಡಿಗೆ ಮನೆಗೆ ಬಂದರೆ ಅಮ್ಮ ಬೋಟಿ ತೊಳೆಯುತ್ತಾ ಕೂತಿದ್ದಳು. ಮಂಡಿನೋವಿಗೆ ಗೋಡೆ ಹಿಡಿದು ನಡೆಯುವ ಹೆಂಗಸು. "ಒಂದು ಪಾಯಸ ಮಾಡಿ ಕೈ ಮುಗಿದ್ರೆ ಸಾಲ್ದೇನಮ್ಮಾ?" ಅಂದೆ. ಅವಳ ಚಿಂತೆಯೇ ಬೇರೆ. ಎಡೆಗೆ ಮುಂಚೆ ರುಚಿ ನೋಡುವ ಹಾಗಿಲ್ಲ, ಉಪ್ಪು ಹೆಚ್ಚುಕಮ್ಮಿಯಾದರೆ ಏನು ಗತಿ? ಉಪ್ಪು ಜಾಸ್ತಿಯಾಯಿತೆಂದು ತಟ್ಟೆ ಎಸೆಯುತ್ತಿದ್ದ ಮನುಷ್ಯ ಈಗ ಫೋಟೋದಲ್ಲಿದ್ದಾನೆ, ಎಲ್ಲಿಂದ ಎಸೆಯುತ್ತಾನೆ? ಆದರೂ ಅವಳು ಉಪ್ಪಿನ ಡಬ್ಬಿ ತೆರೆದು ಮತ್ತೆ ಮುಚ್ಚಿದಳು.

ಸಂಜೆ ಎಡೆ ಇಟ್ಟೆವು. ಸಾಂಬ್ರಾಣಿ ಹಾಕಿದ ಮೇಲೆ ಮನೆಯವರೆಲ್ಲ ಹೊರಗೆ ಬಂದು ಬಾಗಿಲು ಮುಚ್ಚಬೇಕು, ಹಿರಿಯರು ಬಂದು ನೆಮ್ಮದಿಯಾಗಿ ಉಣ್ಣಲಿ ಅಂತ. ನಾವಿಬ್ಬರೂ ಮಹಡಿ ಮೆಟ್ಟಿಲ ಹತ್ತಿರ ನಿಂತೆವು. ನನ್ನ ಸಿಟ್ಟು ನೆತ್ತಿಗೇರಿದ್ದು ಅಲ್ಲಿ. ಬದುಕಿದ್ದಾಗ ಅಪ್ಪ ಕುಡಿದು ಬಂದು ನಮ್ಮಿಬ್ಬರನ್ನೂ ಹೊರಗೆ ತಳ್ಳಿ ಒಳಗಿನಿಂದ ಚಿಲಕ ಹಾಕಿಕೊಳ್ಳುತ್ತಿದ್ದ. ಅಮ್ಮ ಮಾಡಿಟ್ಟಿದ್ದನ್ನು ಅವನು ಒಬ್ಬನೇ ಕೂತು ಉಣ್ಣುತ್ತಿದ್ದ. ನಾವು ಹಸಿದುಕೊಂಡು, ಅಕ್ಕಪಕ್ಕದವರಿಗೆ ಗೊತ್ತಾಗದಿರಲಿ ಅಂತ, ತಂತಿಯ ಮೇಲಿನ ಬಟ್ಟೆ ಮಡಿಸುವ ನೆಪ ಮಾಡುತ್ತಿದ್ದೆವು. ಸತ್ತು ಎಂಟು ವರ್ಷವಾಯಿತು. ಈಗಲೂ ಉಣ್ಣುವವನು ಒಳಗೆ, ಕಾಯುವವರು ಹೊರಗೆ. ಇದಕ್ಕೆ ಭಕ್ತಿ ಅಂತ ಹೆಸರು ಬೇರೆ. ಥೂ!

"ಸಾಕು, ಬಾ" ಅಂತ ಬಾಗಿಲಿಗೆ ಕೈ ಹಾಕಿದೆ.

ಅಮ್ಮ ನನ್ನ ಮುಂಗೈ ಹಿಡಿದು ಎಳೆದಳು. ಆ ಕೈಯಲ್ಲಿ ಅಷ್ಟು ಶಕ್ತಿ ಇದೆ ಅಂತ ನನಗೆ ಗೊತ್ತಿರಲಿಲ್ಲ. "ಇನ್ನೊಂದೈದು ನಿಮಿಷ ಇರೇ."

"ಅಪ್ಪ ಸತ್ತೋಗಿದಾನೆ ಕಣಮ್ಮಾ! ಒಳಗೆ ಯಾರೂ ಇಲ್ಲ!"

"ಗೊತ್ತು ಕಣೇ" ಅಂದಳು ಅಮ್ಮ, ಬಾಗಿಲನ್ನೇ ನೋಡುತ್ತಾ. "ಮೆತ್ತಗೆ ಮಾತಾಡು. ಕೇಳ್ಸುತ್ತೆ."