ಕಿವಿಯಿಲ್ಲದ ಕುದುರೆಗೆ ಹಾಡಿದ ಹಾಡು

ಗಿರ್ಕಿನಾಡಿನ ಜನಸಂಖ್ಯೆ ಒಂದು ಕಾಲಕ್ಕೆ ಮೂರು ಸಾವಿರ ಇತ್ತು. ಸರಿ, ನೂರು. ನೀವು ಬಂದು ಎಣಿಸಿಯೇ ತೀರುತ್ತೀರಿ ಅಂತಾದರೆ, ಹತ್ತೊಂಬತ್ತು. ಚನ್ನಪಟ್ಟಣದ ನಮ್ಮ ಮನೆಯ ಕಿಟಕಿಕಟ್ಟೆಯ ಮೇಲೆ, ಅಪ್ಪನ ಹೆಲ್ಮೆಟ್ಟಿಗೂ ಸೊಳ್ಳೆಬತ್ತಿಯ ಡಬ್ಬಕ್ಕೂ ನಡುವೆ ಹಬ್ಬಿದ್ದ ಆ ಮಹಾದೇಶವನ್ನು ನಾನೂ ಪಕ್ಕದ ಮನೆಯ ಗೆಳತಿಯೂ ನಾಲ್ಕನೇ ಕ್ಲಾಸಿನಲ್ಲಿ ಸ್ಥಾಪಿಸಿದೆವು.

ಅವಳ ಅಬ್ಬಾ ಮರದ ಗೊಂಬೆ ಮಾಡುತ್ತಿದ್ದರು. ಮೋಟಾರಿಗೆ ಸಿಕ್ಕಿಸಿದ ಕಟ್ಟಿಗೆ ಗಿರಗಿರ ತಿರುಗುವಾಗ ಅದಕ್ಕೆ ಅರಗಿನ ಕಡ್ಡಿ ಒತ್ತಿದರೆ ಬಣ್ಣ ಕರಗಿ ಹತ್ತಿಕೊಳ್ಳುತ್ತದೆ. ಸ್ವಲ್ಪ ಕೈ ತಪ್ಪಿದರೆ ಗೊಂಬೆ ಕೆಟ್ಟಿತು. ಕೆಟ್ಟದ್ದನ್ನೆಲ್ಲ ಅವರು ಬಾಗಿಲ ಹಿಂದಿನ ಬುಟ್ಟಿಗೆ ಎಸೆಯುತ್ತಿದ್ದರು. ಆ ಬುಟ್ಟಿಯೇ ನಮ್ಮ ದೇಶದ ಗಡಿ. ಕತ್ತಿಲ್ಲದ ರಾಜ, ಎರಡೂ ಕಡೆ ಬೆನ್ನೇ ಇರುವ ರಾಣಿ, ಮೂರೇ ಚಕ್ರದ ರೈಲು. ಐಬಿಲ್ಲದವರಿಗೆ ನಮ್ಮಲ್ಲಿ ಪ್ರವೇಶವೇ ಇರಲಿಲ್ಲ.

ಹೊಸಬರನ್ನು ಸೇರಿಸಿಕೊಳ್ಳಲು ಒಂದು ಹಾಡಿತ್ತು. ಅದು ಐದು ಸಾವಿರ ವರ್ಷ ಹಳೆಯದೆಂದು ನಾನು ಇಡೀ ಕ್ಲಾಸನ್ನು ನಂಬಿಸಿದ್ದೆ. ಕಟ್ಟಿದ್ದು ಒಂದು ಭಾನುವಾರ, ಉಪ್ಪು ಖಾರ ಹಚ್ಚಿದ ಮಾವಿನಕಾಯಿ ತಿನ್ನುತ್ತಾ. ಬಂದವರನ್ನು ಇಬ್ಬರೂ ಸೇರಿ ಹಿಡಿಯಬೇಕು, ಅವಳದೊಂದು ಅಂಗೈ, ನನ್ನದೊಂದು. ಕೇಳುವ ಸಾಲು ಅವಳದು, ಉತ್ತರ ನನ್ನದು.

ಯಾರು ಬಂದರು, ಗಿರ್ಕಿ ಗಿರ್ಕಿ?
ದಾರಿ ತಪ್ಪಿದವರು ಬಂದರು, ಗಿರ್ಕಿ.
ಏನು ತಂದರು, ಗಿರ್ಕಿ ಗಿರ್ಕಿ?
ಇಲ್ಲದ್ದೊಂದನ್ನು ತಂದರು, ಗಿರ್ಕಿ.
ಎಂದು ಹೋಗುವರು, ಗಿರ್ಕಿ ಗಿರ್ಕಿ?
ಬಂದವರು ಇಲ್ಲೇ. ಇನ್ನು ಹೋಗುವುದಿಲ್ಲ.

ಒಬ್ಬರ ಸಾಲನ್ನು ಇನ್ನೊಬ್ಬರು ಹಾಡುವಂತಿಲ್ಲ, ಹಾಡಿದರೆ ಮೂಗು ಉದುರುತ್ತದೆ. ಕೊನೆಯ ಸಾಲು ಆಗದಿದ್ದರೆ ಬಂದವರು ಗಡಿಯಲ್ಲೇ ನಿಂತಿರಬೇಕು. ಇನ್ನೊಂದು ದಿನ ಮತ್ತೆ ಮೊದಲಿನಿಂದ ಹಾಡಬೇಕು.

ಎಂಟನೇ ಕ್ಲಾಸು ಮುಗಿದ ಬೇಸಿಗೆಯಲ್ಲಿ ಅವಳ ಅಬ್ಬಾ ಹಾರೋಹಳ್ಳಿಯ ಫ್ಯಾಕ್ಟರಿಗೆ ಸೇರಿದರು. ಸಾಮಾನಿನ ಗಾಡಿ ಹೊರಡುವಾಗ ಅವಳು ಓಡಿಬಂದು ಒಂದು ಕಿವಿಯಿಲ್ಲದ ಹಳದಿ ಕುದುರೆಯನ್ನು ನನ್ನ ಅಂಗೈಯಲ್ಲಿಟ್ಟಳು. ಬುಟ್ಟಿಯ ಕೊನೆಯ ಗೊಂಬೆ. ಮೊದಲ ಸಾಲು ಹಾಡುವಷ್ಟರಲ್ಲಿ ಡ್ರೈವರ್ ಹಾರ್ನ್ ಒತ್ತಿದ; ಆ ಸದ್ದಿಗೆ ಮದ್ದೂರಿನಲ್ಲಿ ಎಮ್ಮೆಗಳು ಬೆದರಿರಬೇಕು. ಅವಳು ಹೋದಳು. ಕುದುರೆ ಮೂರು ವರ್ಷ ಕಿಟಕಿಯ ಅಂಚಿನಲ್ಲಿ, ಹತ್ತೊಂಬತ್ತು ಜನಕ್ಕೂ ಬೆನ್ನು ಹಾಕಿ, ರಸ್ತೆ ನೋಡುತ್ತಾ ನಿಂತಿತು. ನಾನೂ ಆಗಾಗ ಪಕ್ಕದಲ್ಲಿ ನಿಲ್ಲುತ್ತಿದ್ದೆ. ಸುಮ್ಮನೆ, ಅದಕ್ಕೆ ಬೇಜಾರಾಗದಿರಲಿ ಅಂತ.

ವಿಡಿಯೋ ಕಾಲಿನಲ್ಲಿ ಹಾಡಿ ಮುಗಿಸೋಣವೆಂದೆ.

"ಅರೆ, ನನ್ ಕೈ ಇಲ್ಲೈತೆ, ಕುದ್ರೆ ಅಲ್ಲೈತೆ. ಕಾನೂನು ಮಾಡ್ದೋಳು ನೀನೇ ಅಲ್ವೇನೇ?" ಎಂದಳು.

ಕಾಲೇಜಿಗೆ ರಜೆ ಬಂದ ಮೊದಲ ದಿನವೇ ಕುದುರೆಯನ್ನು ಟಿಫಿನ್ ಡಬ್ಬಿಯಲ್ಲಿಟ್ಟುಕೊಂಡು, ದೊಡ್ಡಮಳೂರಿನ ದೇವಸ್ಥಾನಕ್ಕೆ ಹೋಗಿ ಬತ್ತೀನಿ ಎಂದು ಅಮ್ಮನಿಗೆ ಹೇಳಿದೆ.

"ನಿಂಗ್ಯಾವಾಗ್ಲಿಂದ ಬಂತೇ ಭಕ್ತಿ?"

"ಕನಸಲ್ಲಿ ದೇವ್ರು ಬಂದ್ಬುಟ್ಟ ಕಣಮ್ಮ. ಬಾ ಅಂದ."

"ಕುಂಕುಮ ತಕ್ಕೊಂಡ್ ಬಾ. ನೋಡ್ತೀನಿ."

ಕನಕಪುರದ ಬಸ್ಸಿನಲ್ಲಿ ಪಕ್ಕದ ಹೆಂಗಸು ನನ್ನ ಡಬ್ಬಿಯನ್ನೇ ನೋಡುತ್ತಿದ್ದಳು. "ಏನವ್ವ, ಚಿತ್ರಾನ್ನವಾ?"

"ಕುದ್ರೆ," ಎಂದೆ. ಅವಳು ಒಂದು ಸೀಟು ಆಚೆ ಜರುಗಿದಳು.

ಹಾರೋಹಳ್ಳಿಯ ಬಸ್ ಸ್ಟಾಪಿನಲ್ಲಿ ಗೆಳತಿ ತೆಂಗಿನಮರದಷ್ಟು ಎತ್ತರ ಬೆಳೆದು ನಿಂತಿದ್ದಳು. ಎರಡು ನಿಮಿಷಕ್ಕೊಮ್ಮೆ ಅವಳ ಫೋನಿಗೆ ಯಾರದೋ ಮೆಸೇಜು ಬರುತ್ತಿತ್ತು. ನಾನು ಹೆಸರೇ ಕೇಳದ ಯಾರ ಯಾರದೋ. ನಮ್ಮ ದೇಶ ಇವಳಿಗೆ ಮರೆತೇ ಹೋಗಿದೆ ಅನ್ನಿಸಿ, ಡಬ್ಬಿ ತೆಗೆಯಲೋ ಬೇಡವೋ ಎಂದು ಮುಚ್ಚಳದ ಮೇಲೆ ಕೈಯಿಟ್ಟು ಕೂತೆ.

"ತೆಗ್ಯೇ, ಪಾಪ ಅದಕ್ಕೆ ಸೆಕೆ ಆಯ್ತೈತೆ," ಎಂದು ಅವಳೇ ಅಂಗೈ ಚಾಚಿದಳು.

ಬೆಂಚಿನ ಮೇಲೆ ಕೂತು ಹಾಡಿದೆವು. ಒಂದು ಸಾಲನ್ನೂ ಅವಳು ಮರೆತಿರಲಿಲ್ಲ. "ಎಂದು ಹೋಗುವರು, ಗಿರ್ಕಿ ಗಿರ್ಕಿ?" ಎಂದು ಕೇಳಿ ನನ್ನ ಮುಖ ನೋಡಿದಳು. ಕುದುರೆಯ ಆಚೆ ಅವಳ ಕೈ ಬೆಚ್ಚಗಿತ್ತು. ಇನ್ನೊಂದೇ ಸಾಲು. ಅದನ್ನು ಹಾಡಿದರೆ ಕುದುರೆ ನಮ್ಮದಾಗುತ್ತದೆ, ಹಾಡು ಮುಗಿಯುತ್ತದೆ. ಆಮೇಲೆ ಡಬ್ಬಿಯಲ್ಲಿಟ್ಟುಕೊಂಡು ಬರಲು ನನ್ನ ಬಳಿ ಏನೂ ಉಳಿಯುವುದಿಲ್ಲ.

"ಮರ್ತೋಯ್ತು ಕಣೇ," ಎಂದೆ.

"ಏನು?"

"ನನ್ ಲೈನು."

"ಸುಳ್ಳಿ."

"ದೇವ್ರಾಣೆ."

"ನಿನ್ ಮೂಗು ಅಲ್ಲಾಡ್ತೈತೆ, ನೋಡ್ಕೋ."

ಆ ಸಾಲು ಅವಳಿಗೂ ಬಾಯಿಗೆ ಬಂದಿತ್ತು. ತುಟಿ ತೆರೆದಳು, ಮುಚ್ಚಿದಳು. ಕಾನೂನು ಕಾನೂನೇ. ಆಮೇಲೆ ಕುದುರೆಯನ್ನು ಎತ್ತಿ ತನ್ನ ಬ್ಯಾಗಿಗೆ ಹಾಕಿಕೊಂಡಳು.

"ಇದು ನನ್ತಾವ್ಲೇ ಇರ್ಲಿ. ನೆನಪಾದಾಗ ಬಾ."

"ನೀನೇ ಬಾರೆ, ಚನ್ನಪಟ್ಣಕ್ಕೆ."

"ಮೊದ್ಲು ನೀನು ನೆನಪು ಮಾಡ್ಕೊಳ್ಳಮ್ಮ, ಮಾರಾಯ್ತಿ."

ವಾಪಸ್ ಬರುವಾಗ ದಾರಿಯುದ್ದಕ್ಕೂ ಆ ಸಾಲು ಬಾಯಲ್ಲೇ ಇತ್ತು. ನೀರು ತುಂಬಿಕೊಂಡವಳ ಹಾಗೆ ತುಟಿ ಬಿಗಿದು ಕೂತಿದ್ದೆ.

ಅಮ್ಮ ಡಬ್ಬಿ ತೆಗೆದು ನೋಡಿದಳು. ಖಾಲಿ. "ಎಲ್ಲೇ ಕುಂಕುಮ? ಏನಂದ್ನೆ ನಿನ್ ದೇವ್ರು?"

"ಇನ್ನೊಂದ್ಸಲ ಬಾ ಅಂದ."

ಅವಳು ಗೊಣಗುತ್ತಾ ಬಟ್ಟೆ ತಂದು ಕಿಟಕಿ ಒರೆಸತೊಡಗಿದಳು. ಅಂಚಿನ ಧೂಳಿನಲ್ಲಿ ನಾಲ್ಕು ಗೊರಸಿನ ಜಾಗ ಮಾತ್ರ ಚೊಕ್ಕವಾಗಿತ್ತು. ಬಟ್ಟೆ ಅಲ್ಲಿಗೆ ಬರುವ ಮೊದಲೇ ನಾನು ಅಂಗೈ ಅಡ್ಡ ಇಟ್ಟೆ.