ಸತ್ತವರ ಅಧ್ಯಕ್ಷತೆಯಲ್ಲಿ ನಡೆದ ಸಭೆ

ಟೀವಿ ಸುದ್ದಿಯ ಕೆಲಸದಿಂದ ನಿವೃತ್ತನಾದ ದಿನ ಜೊತೆಗಿದ್ದವರು ಒಂದು ಸಣ್ಣ ಸಭೆ ಮಾಡಿದರು. ಹಾರ ಹಾಕಿ, ಈ ವೃತ್ತಿಗೆ ಯಾಕೆ ಬಂದಿರಿ ಎಂದು ಕೇಳಿದರು. ಸಮಾಜ, ಸತ್ಯ ಎಂದು ಏನೋ ಹೇಳಿ ಕೂತೆ. ಹೇಳಿದ್ದು ಸುಳ್ಳು. ನಾನು ಸುದ್ದಿಯ ಕೆಲಸಕ್ಕೆ ಬಂದದ್ದು ಒಬ್ಬ ಮನುಷ್ಯನ ಮಾನ ತೆಗೆಯುವುದಕ್ಕೆ. ತೆಗೆದೆ. ಇಷ್ಟು ವರ್ಷವಾದರೂ ಅವನ ವಿಷಯದಲ್ಲಿ ನನಗೆ ಪಶ್ಚಾತ್ತಾಪ ಹುಟ್ಟಿಲ್ಲ.

ಅದು ಐವತ್ತರ ದಶಕದ ಕೊನೆ. ನಮ್ಮ ಕಡೆ ಟೀವಿ ಎಂಬ ಮಾತನ್ನೇ ಯಾರೂ ಕೇಳಿರಲಿಲ್ಲ. ಸೊರಬದ ನಮ್ಮ ಮನೆಯಲ್ಲಿ ಅವ್ವ, ಅಣ್ಣ, ನಾನು, ಮೂರೇ ಜನ. ಅಣ್ಣ ಸೊರಬದಿಂದ ಶಿಕಾರಿಪುರಕ್ಕೆ ಹೋಗಿಬರುವ ಒಂದು ಖಾಸಗಿ ಬಸ್ಸಿನ ಡ್ರೈವರ್. ಹನ್ನೆರಡು ವರ್ಷದವರೆಗೆ ನಾನು ಊರವರ ದನ ಕಾಯುತ್ತಿದ್ದೆ. ಒಂದು ದಿನ ಅಣ್ಣ ನನ್ನ ಕೈಯ ಕೋಲು ಕಸಿದು, ಅದೇ ಕೋಲಿನಿಂದ ಅಟ್ಟಿಸಿಕೊಂಡು ಹೋಗಿ ಶಾಲೆಯ ಬಾಗಿಲೊಳಗೆ ನೂಕಿದ. ನನ್ನ ಸೊಂಟದೆತ್ತರದ ಮಕ್ಕಳ ನಡುವೆ ಕೂತು ಅಕ್ಷರ ತಿದ್ದಿದೆ. ಹೈಸ್ಕೂಲಿಗೆಂದು ಶಿಕಾರಿಪುರದಲ್ಲಿ ಕೋಣೆ ಹಿಡಿಯುವ ಹೊತ್ತಿಗೆ ನನಗೆ ಮೀಸೆ ಬಂದಿತ್ತು. ಮೊದಲ ದಿನ ಮೇಷ್ಟ್ರು ಎದ್ದು ನಿಂತು, ಯಾವ ಹುಡುಗನ ಕಡೆಯವರು ನೀವು ಎಂದು ನನ್ನನ್ನೇ ಕೇಳಿದ್ದರು.

ಅದಕ್ಕೆ ಹಿಂದಿನ ವರ್ಷ ಅಣ್ಣನ ಬಸ್ಸು ಶಿರಾಳಕೊಪ್ಪದ ದಾರಿಯಲ್ಲಿ ಮೋರಿಗೆ ಇಳಿಯಿತು. ಬ್ರೇಕ್ ಹಿಡಿಯಲಿಲ್ಲ. ಬ್ರೇಕಿನ ರಾಡು ಮುರಿದಿದೆ, ತಂತಿ ಸುತ್ತಿ ಓಡಿಸುತ್ತಿದ್ದೇನೆ ಎಂದು ಅಣ್ಣ ಮಾಲೀಕನಿಗೆ ಎರಡು ಸಲ ಹೇಳಿದ್ದ. ಕೆಲವರಿಗೆ ಪೆಟ್ಟಾಯಿತು, ಒಬ್ಬ ಮುದುಕನ ಕಾಲು ಮುರಿಯಿತು. ಮೂರನೆಯ ದಿನ ಪತ್ರಿಕೆಯಲ್ಲಿ ಸುದ್ದಿ ಬಂತು. ಕೊನೆಯ ಸಾಲು ಹೀಗಿತ್ತು: ಚಾಲಕನು ಮದ್ಯಪಾನ ಮಾಡಿದ್ದನೆಂದು ತಿಳಿದುಬಂದಿದೆ.

ಅಣ್ಣ ಕೊರಳಲ್ಲಿ ಲಿಂಗ ಕಟ್ಟಿಕೊಂಡವನು. ಬಾಯಿಗೆ ಬೀಡಿಯನ್ನೂ ಇಟ್ಟವನಲ್ಲ. ಆದರೆ ಅಚ್ಚಾದದ್ದನ್ನು ಅಲ್ಲವೆನ್ನುವುದು ಯಾರು? ಬೇರೆ ಬಸ್ಸಿನವರು ಅವನಿಗೆ ಕೆಲಸ ಕೊಡಲಿಲ್ಲ. ಕುಪ್ಪಗಡ್ಡೆಯ ಹುಡುಗಿಯೊಬ್ಬಳ ಜೊತೆ ಮಾತುಕತೆಯಾಗಿ, ಎರಡು ಮನೆಯವರೂ ಎಲೆಅಡಿಕೆ ಬದಲಾಯಿಸಿಕೊಂಡಿದ್ದರು. ಹುಡುಗಿಯ ಅಪ್ಪ ಸಂತೆಗೆ ಬಂದವರೊಬ್ಬರ ಕೈಯಲ್ಲಿ ಹೇಳಿಕಳಿಸಿದ, ಕುಡುಕನಿಗೆ ಹೆಣ್ಣು ಕೊಡುವುದಿಲ್ಲವೆಂದು. ತಾನೇ ಬಂದು ಹೇಳುವಷ್ಟು ಮರ್ಯಾದೆಯನ್ನೂ ತೋರಿಸಲಿಲ್ಲ. ಅಣ್ಣ ಅಕ್ಕಿ ಗಿರಣಿಯಲ್ಲಿ ಮೂಟೆ ಹೊರುವುದಕ್ಕೆ ಸೇರಿಕೊಂಡ.

ಕೇಸು ವರ್ಷ ಮೀರಿ ನಡೆಯಿತು. ಮೋಟಾರ್ ಇನ್ಸ್‌ಪೆಕ್ಟರು ಬಂದು ಬ್ರೇಕಿನದೇ ತಪ್ಪು ಎಂದು ಹೇಳಿದರು. ಕೋರ್ಟು ಅಣ್ಣನನ್ನು ಬಿಟ್ಟಿತು. ಆ ತೀರ್ಪಿನ ನಕಲು ಹಿಡಿದುಕೊಂಡು ಅವನು ಶಿಕಾರಿಪುರದಲ್ಲಿ ಪತ್ರಿಕೆಯ ವರದಿಗಾರನ ಅಂಗಡಿಗೆ ಹೋದ. ಕುಡಿದಿದ್ದನೆಂದು ಬರೆದವನು ಇವನೇ. ಸ್ಲೇಟು, ಶಾಯಿ, ದಾರದ ಉಂಡೆ ಮಾರುವ ಅಂಗಡಿ. ಪತ್ರಿಕೆಯ ಏಜೆನ್ಸಿಯೂ ಅವನದೇ, ಸುದ್ದಿ ಬರೆಯುವವನೂ ಅವನೇ. ಊರವರು ಪೇಪರ್ ಸಾಹುಕಾರ್ರು ಎನ್ನುತ್ತಿದ್ದರು. ಬಸ್ಸಿನ ಮಾಲೀಕ ದಿನಾ ಅದೇ ಅಂಗಡಿಯ ಕಟ್ಟೆಯ ಮೇಲೆ ಕೂತು ಎಲೆಅಡಿಕೆ ಹಾಕುವ ಗೆಳೆಯ.

ಸಾಹುಕಾರ್ರು ನಕಲನ್ನು ಬಿಚ್ಚಿಯೂ ನೋಡಲಿಲ್ಲವಂತೆ. ಅಣ್ಣ ಮನೆಗೆ ಬಂದು ಅವರ ಮಾತನ್ನು ಹಾಗೇ ಒಪ್ಪಿಸಿದ. “ಅದು ಹಳೇದಾತು ಕಣಪ್ಪ. ಬಿಟ್ಟರಲ್ಲ, ಅಷ್ಟಾತಲ್ಲ, ಹೋಗು.”

ಅವತ್ತು ಅವ್ವ ಊಟ ಮಾಡಲಿಲ್ಲ. ಯಾವ ಕಾಗದದಲ್ಲಿ ನನ್ನ ಮಗನನ್ನು ಕುಡುಕ ಎಂದರೋ ಅದೇ ಕಾಗದದಲ್ಲಿ ಅಲ್ಲ ಎಂದು ಬರಬೇಕು, ಅಷ್ಟೇ ನನಗೆ ಬೇಕಾದ್ದು ಎಂದಳು. ಅವಳಿಗೆ ಓದು ಬರುತ್ತಿರಲಿಲ್ಲ. ನನಗೆ ಬರುತ್ತಿತ್ತು. ಆ ಕೆಲಸ ನನ್ನದೆಂದು ಅಲ್ಲೇ ತೀರ್ಮಾನಿಸಿದೆ.

ಶಾಲೆಯಿಲ್ಲದ ಹೊತ್ತಿನಲ್ಲಿ ಪತ್ರಿಕೆ ಎಣಿಸಿ ಕಟ್ಟುವ ಕೆಲಸ ಕೊಡಿ ಎಂದು ಸಾಹುಕಾರ್ರ ಅಂಗಡಿಗೆ ಹೋಗಿ ನಿಂತೆ. ಎಲ್ಲಿಯವನು ಎಂದರು, ಸೊರಬ ಎಂದೆ. ಯಾರ ಮಗ, ಯಾರ ತಮ್ಮ ಎಂದು ಅವರು ಕೇಳಲಿಲ್ಲ. ಕೇಳಿದ್ದರೆ ನಿಜವನ್ನೇ ಹೇಳುತ್ತಿದ್ದೆನೋ ಏನೋ. ಅವರ ಕೈಬರಹ ಇರುವೆ ಸಾಲಿನಂತೆ, ಅಚ್ಚುಮೊಳೆ ಜೋಡಿಸುವವರಿಗೆ ಓದಲಾಗುವುದಿಲ್ಲವೆಂದು ಪತ್ರಿಕೆಯ ಕಚೇರಿಯಿಂದ ದೂರು ಬರುತ್ತಿತ್ತು. ದೊಡ್ಡವನಾದ ಮೇಲೆ ಕಲಿತದ್ದರಿಂದ ನನ್ನ ಅಕ್ಷರ ಒಂದೊಂದೂ ಕಲ್ಲಿನಲ್ಲಿ ಕೆತ್ತಿದ ಹಾಗೆ. ತಿಂಗಳೊಳಗೆ ಅವರ ವರದಿಗಳನ್ನೆಲ್ಲ ನಾನೇ ಚೊಕ್ಕ ಬರೆದು ಅಂಚೆಗೆ ಹಾಕುವಂತಾಯಿತು.

ಆಗ ಅವರ ಗುಟ್ಟು ತಿಳಿಯಿತು. ಸಾಹುಕಾರ್ರು ಯಾವ ಸಭೆಗೂ ಹೋಗುತ್ತಿರಲಿಲ್ಲ. ಆಹ್ವಾನ ಪತ್ರಿಕೆ ಬಂದರೆ ಸಾಕು, ಅದನ್ನು ಮುಂದಿಟ್ಟುಕೊಂಡು ಹಿಂದಿನ ದಿನವೇ ವರದಿ ಬರೆದು ಮಧ್ಯಾಹ್ನದ ಟಪಾಲಿಗೆ ಹಾಕಿಸುತ್ತಿದ್ದರು. ಪ್ರಾರ್ಥನೆ, ಸ್ವಾಗತ, ಅಧ್ಯಕ್ಷರ ಭಾಷಣ, ವಂದನಾರ್ಪಣೆ. ಸಭೆಯ ಮರುದಿನವೇ ಸುದ್ದಿ ಅಚ್ಚಾಗುತ್ತಿತ್ತು. ಎಷ್ಟು ಬೇಗ ಹಾಕಿಸುತ್ತಾರೆ ನೋಡಿ ಎಂದು ಊರಿಗೆಲ್ಲ ಮೆಚ್ಚುಗೆ.

ಒಮ್ಮೆ ನಾನು ಕೇಳಿಯೇಬಿಟ್ಟೆ, ಹೀಗೆ ಬರೆಯಬಹುದೇ ಎಂದು. “ಸಭೇಲಿ ಏನಾಗ್ತದೆ ಅಂತ ಕಾರ್ಡಲ್ಲೇ ಐತಲ್ಲೋ,” ಎಂದರು. “ಕೂತು ಕೇಳಿ ಬರೆಯೋಕೆ ನಾನೇನು ಪರೀಕ್ಷೆ ಕಟ್ಟೀನಾ?”

ಕಾದೆ. ಮೋರಿಗೆ ಬಿದ್ದ ಬಸ್ಸಿನ ಸುದ್ದಿಯನ್ನು ಕಟ್ಟೆಯ ಮೇಲೆ ಕೂತು ಮಾಲೀಕನ ಬಾಯಿಂದ ಕೇಳಿ ಬರೆದಿದ್ದಾರೆ ಎಂಬುದು ಖಾತ್ರಿಯಾದ ಮೇಲೆ ಕಾಯುವುದು ಕಷ್ಟವೂ ಆಗಲಿಲ್ಲ. ದಿನಾ ಬೆಳಿಗ್ಗೆ ಅವರ ಗಾದಿ ಕೊಡವಿ ಹಾಸುತ್ತಿದ್ದೆ, ಕುಡಿಯುವ ನೀರಿನ ಚೊಂಬು ತುಂಬಿಡುತ್ತಿದ್ದೆ. ಇಷ್ಟು ವಿಧೇಯ ಹುಡುಗ ಸಿಕ್ಕಿಲ್ಲ ಎಂದು ಬಂದವರ ಮುಂದೆ ಹೇಳಿಕೊಳ್ಳುತ್ತಿದ್ದರು.

ಉಳವಿಯ ಶಾಲೆಗೆ ಹೊಸ ಕೊಠಡಿ ಕಟ್ಟಿದ್ದರು. ಬುಧವಾರ ಅದರ ಪ್ರಾರಂಭೋತ್ಸವ. ಆ ಭಾಗದ ಹಿರಿಯ ಗೌಡರೊಬ್ಬರು ಅಧ್ಯಕ್ಷರು. ಆ ವಾರ ಸೋಮವಾರವೂ ರಜೆ ಇದ್ದದ್ದರಿಂದ ನಾನು ಊರಲ್ಲಿದ್ದೆ. ಮಂಗಳವಾರ ಬೆಳಿಗ್ಗೆ ಸೊರಬದ ಬಸ್‌ಸ್ಟ್ಯಾಂಡಿನಲ್ಲಿ ಶಿಕಾರಿಪುರದ ಮೊದಲ ಬಸ್ಸಿಗೆ ನಿಂತಿದ್ದಾಗ ಉಳವಿ ಕಡೆಯಿಂದ ಬಂದ ಬಸ್ಸಿನ ಕಂಡಕ್ಟರು ಇಳಿದು ಹೇಳಿದ: ಗೌಡರು ನಿನ್ನೆ ಸಂಜೆ ತೀರಿಕೊಂಡರು, ಇವತ್ತು ಮಣ್ಣು, ನಾಳೆಯ ಸಭೆ ನಿಂತಿತು.

ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂತೆ. ಅಣ್ಣನ ಬಸ್ಸು ಬಿದ್ದ ಮೋರಿ ದಾಟುವಾಗ ತಿರುಗಿ ನೋಡಿದೆ. ಸೊರಬದಿಂದ ಮುಂದಿನ ಬಸ್ಸು ಬರುವ ಹೊತ್ತಿಗೆ ಟಪಾಲು ಹೋಗಿರುತ್ತದೆ. ನಾನು ಬಾಯಿ ಬಿಡದಿದ್ದರೆ ಸಾಕು.

ಅಂಗಡಿಯಲ್ಲಿ ಸಾಹುಕಾರ್ರು ಕಾರ್ಡು ತೆಗೆದು ನನ್ನ ಮುಂದೆ ಹಾಕಿದರು. “ಉಳವೀದು ಬರಿ. ಅಧ್ಯಕ್ಷರು ವಿದ್ಯೆ ಬಗ್ಗೆ ಮಾತಾಡಿದ್ರು ಅಂತ ಹಾಕು. ದೊಡ್ಡ ಮನುಷ್ಯ, ಸ್ವಲ್ಪ ಉದ್ದ ಇರ್ಲಿ.”

“ಎಷ್ಟು ಉದ್ದ ಸಾಹುಕಾರ್ರೇ?”

“ಒಂದು ಗಂಟೆ ಮಾತಾಡಿದ್ರು ಅಂತ ಬರಿ. ಅವರೇನು ಇಲ್ಲ ಅಂತಾರಾ?”

ಅವರು ಅನ್ನುವುದಿಲ್ಲ ಎಂದು ಮನಸ್ಸಿನಲ್ಲೇ ಹೇಳಿಕೊಂಡು ಬರೆಯಲು ಕೂತೆ. ಅದೇ ನನ್ನ ಸ್ವಂತ ಬರಹಗಳಲ್ಲಿ ಮೊದಲನೆಯದು. ಹನ್ನೆರಡು ವರ್ಷದ ಹುಡುಗನಾದರೂ ಸರಿ, ದನದ ಹಿಂದೆ ಬಿಡದೆ ಶಾಲೆಗೆ ಕಳಿಸಿ, ಅಕ್ಷರ ಬಂದವನನ್ನು ಯಾರೂ ಸುಲಭಕ್ಕೆ ತುಳಿಯಲಾರರು ಎಂದು ಅಧ್ಯಕ್ಷರು ಕರೆಯಿತ್ತರು. ಸಭಿಕರು ಕದಲದೆ ಕೇಳಿದರು. ಸಾಹುಕಾರ್ರು ಮೇಲ್ಮೇಲೆ ಕಣ್ಣಾಡಿಸಿ, ಚೆನ್ನಾಗಿ ಬರೆದಿದ್ದೀಯ ಎಂದು ಸಹಿ ಹಾಕಿದರು. ನಾನೇ ನಡೆದು ಹೋಗಿ ಟಪಾಲಿಗೆ ಹಾಕಿ ಬಂದೆ.

ಗೌಡರು ಸತ್ತ ವಿಷಯ ಅವರಿಗೆ ತಿಳಿದದ್ದು ಬುಧವಾರ ಸಂಜೆ, ಅಂಚೆ ಕಚೇರಿ ಮುಚ್ಚಿದ ಮೇಲೆ. ತಂತಿ ಕಳಿಸುವುದಕ್ಕೂ ಹೊತ್ತು ಮೀರಿತ್ತು. ಕಚೇರಿಯವರು ಅದನ್ನು ಹಾಕಿರಲಿಕ್ಕಿಲ್ಲ, ಜಾಗ ಇರಲಿಕ್ಕಿಲ್ಲ ಎಂದು ತಮಗೆ ತಾವೇ ಹೇಳಿಕೊಳ್ಳುತ್ತ ಗಾದಿಯಿಂದ ಏಳುವುದು, ಕೂರುವುದು. ಆ ಸಂಜೆ ಅವರ ಮುಖ ನೋಡುವುದೇ ನನಗೆ ಹಬ್ಬವಾಗಿತ್ತು. ಗುರುವಾರ ಪತ್ರಿಕೆಯ ಕಟ್ಟು ಬಂದಾಗ ಬಿಚ್ಚಿದವನು ನಾನು. ಸುದ್ದಿ ಮೂರನೆಯ ಪುಟದಲ್ಲಿ, ಒಂದಕ್ಷರ ಬಿಡದೆ ಬಂದಿತ್ತು.

ಶುಕ್ರವಾರ ಗೌಡರ ಇಬ್ಬರು ಮಕ್ಕಳು ಅಂಗಡಿಗೆ ಬಂದರು. ಪೇಟೆಯ ಜನ ಅವರ ಹಿಂದೆಯೇ ಸೇರಿದರು. ದೊಡ್ಡ ಮಗ ಪತ್ರಿಕೆಯನ್ನು ಗಾದಿಯ ಮೇಲೆ ಹರಡಿದ. ದನಿ ಎತ್ತಲಿಲ್ಲ.

“ಸಾಹುಕಾರ್ರೇ, ಬುಧವಾರ ನಮ್ಮಪ್ಪ ಒಂದು ಗಂಟೆ ಏನೇನು ಮಾತಾಡಿದ್ರು, ಪೂರ್ತಿ ಹೇಳ್ರಿ. ನಾವು ಮಂಗಳವಾರನೇ ಮಣ್ಣು ಮಾಡಿ ಬಂದ್ಬಿಟ್ವಿ. ಕೇಳೋಕೆ ಆಗ್ಲಿಲ್ಲ.”

ಹಿಂದಿನಿಂದ ಯಾರೋ ನಕ್ಕರು. ಸಾಹುಕಾರ್ರು ಎದ್ದು ಕೈ ಮುಗಿದರು. ನಾನು ಮೂಲೆಯಲ್ಲಿ ಪತ್ರಿಕೆ ಮಡಿಸುತ್ತ ಕಣ್ತುಂಬ ನೋಡಿದೆ.

ಒಂದೇ ಒಂದು ವಿಷಯ ನನ್ನ ಲೆಕ್ಕಕ್ಕೆ ಮೀರಿತು. ಹೊರಡುವಾಗ ಗೌಡರ ಚಿಕ್ಕ ಮಗ ನನ್ನ ಹತ್ತಿರ ಬಂದು, ಇನ್ನೊಂದು ಪ್ರತಿ ಇದ್ದರೆ ಕೊಡು ಎಂದ. ಅಪ್ಪ ಇದ್ದಿದ್ದರೆ ಇದನ್ನೇ ಹೇಳುತ್ತಿದ್ದರು ಎಂದು ಮೆಲ್ಲಗೆ ಅಂದ. ಕೊಟ್ಟೆ. ಅವನ ಮುಖ ನೋಡಲಾಗಲಿಲ್ಲ.

ಜನ ಚೆದುರಿದ ಮೇಲೆ ಸಾಹುಕಾರ್ರು ನನ್ನ ಕಡೆ ತಿರುಗಿದರು. “ನೀನು ಮಂಗಳವಾರ ಸೊರಬದಿಂದ ಬಂದವನು. ನಿಂಗೆ ಗೊತ್ತಿತ್ತು.”

“ಗೊತ್ತಿತ್ರೀ.”

“ಆಫೀಸಿಗೆ ಬರೀತೀನಿ. ನೀನು ಬೇಕಂತ ಮಾಡಿದ್ದು ಅಂತ ಬರೀತೀನಿ.”

“ಬರೀರಿ. ಸಭೆಗೆ ಹೋಗ್ದೇನೇ ಬರೆಸಿದ್ದೆ ಅಂತಾನೂ ಬರೀರಿ.”

ಅವರು ಕೂತರು. ಆಗ ನಾನು ಯಾರ ತಮ್ಮನೆಂದು ಹೇಳಿದೆ. ಮೋರಿಗೆ ಬಿದ್ದ ಬಸ್ಸಿನ ಡ್ರೈವರು ಕುಡಿದಿದ್ದ ಎಂದು ನಿಮಗೆ ಹೇಳಿದವರು ಯಾರು ಎಂದು ಕೇಳಿದೆ. ವರ್ಷಗಟ್ಟಲೆ ಬಾಯಲ್ಲಿಟ್ಟುಕೊಂಡಿದ್ದ ಪ್ರಶ್ನೆ. ಅವರು ನನ್ನನ್ನು ನೋಡಿದರು. ಯೋಚಿಸಿದರು, ನಿಜವಾಗಿಯೂ ಯೋಚಿಸಿದರು.

“ಯಾವ ಬಸ್ಸಪ್ಪಾ?” ಎಂದರು.

ಅವರಿಗೆ ನೆನಪಿರಲಿಲ್ಲ. ಸುಳ್ಳು ಹೇಳುತ್ತಿರಲಿಲ್ಲ, ನೆನಪೇ ಇರಲಿಲ್ಲ. ಅಲ್ಲಿಯವರೆಗೆ ಅವರ ಮೇಲಿದ್ದದ್ದು ಸಿಟ್ಟು. ಆ ಮಾತು ಕೇಳಿದ ಮೇಲೆ ಬಂದದ್ದಕ್ಕೆ ನನಗೆ ಇವತ್ತಿಗೂ ಹೆಸರು ಸಿಕ್ಕಿಲ್ಲ. ಮುಂದೆ ಟೀವಿಯಲ್ಲಿದ್ದಾಗ, ಸಭೆಗೆ ಹೋಗದೆ ಸಭೆಯ ಸುದ್ದಿ ಕೊಟ್ಟ ಇಬ್ಬರನ್ನು ಕೆಲಸದಿಂದ ತೆಗೆಸಿದೆ. ಒಬ್ಬ ಕಾಲಿಗೆ ಬಿದ್ದ. ತೆಗೆಸುವಾಗ ನನ್ನ ಕಣ್ಣ ಮುಂದೆ ಇದ್ದದ್ದು ಸಾಹುಕಾರ್ರ ಮುಖವೇ.

ಗೌಡರ ಮನೆಯವರಿಗೆ ಪತ್ರಿಕೆ ಎರಡೇ ದಿನದಲ್ಲಿ ವಿಷಾದ ಸೂಚಿಸಿತು, ಚೌಕಟ್ಟು ಹಾಕಿ. ಸಾಹುಕಾರ್ರ ವರದಿಗಾರಿಕೆ ಹೋಯಿತು. ಮುಂದಿನ ಭಾಷಣ ಯಾವಾಗ ಎಂದು ಪೇಟೆಯವರು ಕೇಳುತ್ತಿದ್ದರಿಂದ ಎಷ್ಟೋ ದಿನ ಅವರು ಅಂಗಡಿಯ ಒಂದೇ ಬಾಗಿಲು ತೆಗೆಯುತ್ತಿದ್ದರು. ಆಫೀಸಿಗೆ ಅವರು ನನ್ನ ಬಗ್ಗೆ ಬರೆಯಲಿಲ್ಲ. ಅಚ್ಚುಮೊಳೆಯವರಿಗೆ ನನ್ನ ಅಕ್ಷರ ಪರಿಚಯವಿತ್ತು. ಆ ಅಕ್ಷರದವನೇ ಇನ್ನು ಮುಂದೆ ಸುದ್ದಿ ಕಳಿಸಲಿ ಎಂದು ಕಾಗದ ಬಂತು.

ಮೊದಲು ಕಳಿಸಿದ್ದು ಅಣ್ಣನ ಸುದ್ದಿ, ತೀರ್ಪಿನ ನಕಲಿನ ಸಮೇತ. ಹಳೆಯದೆಂದು ವಾಪಸ್ ಬಂತು. ಮತ್ತೆ ಕಳಿಸಿದೆ. ಮತ್ತೆ ಬಂತು. ಅಣ್ಣ ಬೇಡವೆಂದ. ಮರೆತವರಿಗೆ ಯಾಕೆ ನೆನಪು ಮಾಡುತ್ತೀಯ, ಆ ಮಾತು ಇನ್ನೊಂದು ಸಲ ಅಚ್ಚಾಗುವುದೇ ಬೇಡ ಎಂದು ಗಿರಣಿಯ ಧೂಳು ಕೊಡವುತ್ತ ಹೇಳಿದ. ನಾನು ಕೇಳಲಿಲ್ಲ. ಅಷ್ಟು ಹೊತ್ತಿಗೆ ಆ ಹಗೆ ಅವನಿಗಿಂತ ಹೆಚ್ಚು ನನ್ನದಾಗಿತ್ತು. ನಾಲ್ಕನೆಯ ಸಲ ಅಚ್ಚಾಯಿತು. ಅಡಿಕೆ ಧಾರಣೆಯ ಕೆಳಗೆ, ಮೂರು ಸಾಲು. ಬ್ರೇಕಿನ ದೋಷದಿಂದ ಅಪಘಾತವಾಯಿತೆಂದು ನ್ಯಾಯಾಲಯ ಹೇಳಿದೆ, ಚಾಲಕನು ಮದ್ಯಪಾನ ಮಾಡಿದ್ದನೆಂಬ ಹಿಂದಿನ ವರದಿ ನಿರಾಧಾರವಾದುದು.

ಅಣ್ಣ ಅದನ್ನು ಓದದೆ ಗಿರಣಿಗೆ ಹೋದ. ಅವ್ವ ನನ್ನಿಂದ ಎರಡು ಸಲ ಓದಿಸಿಕೊಂಡಳು. ಆಮೇಲೆ ಪತ್ರಿಕೆಯನ್ನು ಮಡಿಸಿ ಸೆರಗಿನಲ್ಲಿ ಕಟ್ಟಿಕೊಂಡು, ಒಗೆದ ಸೀರೆಯುಟ್ಟು ಕುಪ್ಪಗಡ್ಡೆಯ ಬಸ್ಸು ಹತ್ತಿದಳು. ಆ ಹುಡುಗಿಗೆ ಬೇರೆ ಕಡೆ ಮದುವೆಯಾಗಿದ್ದು ಅವಳಿಗೆ ಗೊತ್ತಿತ್ತು.

ಸಂಜೆ ತಿರುಗಿ ಬಂದಳು. ನಾವಿಬ್ಬರೂ ಜಗಲಿಯ ಮೇಲಿದ್ದೆವು. ಕಾಲು ತೊಳೆದು ಬಂದು ಕೂತವಳನ್ನು ಏನಾಯಿತು ಎಂದು ಕೇಳಿದೆ. ಆ ಹುಡುಗಿ ಬಾಣಂತನಕ್ಕೆಂದು ತವರಿಗೆ ಬಂದಿದ್ದಾಳಂತೆ. ಅಂಗಳದಲ್ಲಿ ನಿಂತು ಅವಳೇ ಓದಿದಳಂತೆ, ಅಪ್ಪ ಕೇಳುವ ಹಾಗೆ, ಮೂರು ಸಾಲನ್ನೂ.

“ಅವರಪ್ಪ ಏನಂದ?”

“ಒಳಗೋಗಿ ಚಾಪೆ ತಂದು ಅವನೇ ಹಾಸಿದ. ಕೂತ್ಕೊಳ್ರಿ ಅವ್ವಾರೇ ಅಂದ.”

ಅಣ್ಣ ಅದುವರೆಗೆ ತಲೆ ತಗ್ಗಿಸಿಕೊಂಡಿದ್ದವನು ಈಗ ಎತ್ತಿ ನೋಡಿದ. “ಕೂತ್ಯಾ?”

“ಆ ಹುಡುಗಿ ಹಾಸಿದ್ರೆ ಕೂರ್ತಿದ್ದೆ,” ಎಂದಳು ಅವ್ವ. “ಅವನು ಹಾಸಿದ್ದಕ್ಕೆ ಬಸ್ಸು ಬರೋತನಕ ನಿಂತೇ ಇದ್ದೆ, ಅವನ ಚಾಪೆ ಮುಂದೇನೇ.”