ಐದನೆಯ ಸಿಪಾಯಿ

ನಮ್ಮಜ್ಜ ಯಾರಿಗೂ ಬೆನ್ನು ತೋರಿಸಿದವನಲ್ಲ. ಹಾಗಂತ ದೊಡ್ಡ ವೀರನೆಂದು ತಿಳಿಯಬೇಡಿ, ಹಲ್ಲಿ ಕಂಡರೆ ಮಂಚ ಹತ್ತುವ ಆಸಾಮಿ. ಅದು ನಾಟಕ ಕಂಪನಿಯ ಕಟ್ಟಳೆ. ರಂಗದ ಮೇಲೆ ಬಂದವನು ಮಂದಿಗೆ ಬೆನ್ನು ಮಾಡಿ ಒಳಗೆ ಹೋಗಬಾರದು, ಮುಖ ತೋರಿಸುತ್ತಲೇ ಹಿಂದೆ ಸರಿಯಬೇಕು. ಹರೆಯದಲ್ಲಿ ಕಂಪನಿಯ ಜೊತೆ ಊರೂರು ತಿರುಗಿದ ಅಜ್ಜನ ಕಾಲಿಗೆ ಈ ಚಟ ಅಂಟಿಬಿಟ್ಟಿತ್ತು. ಮೂಡಲಗಿಯ ಮನೆಯಿಂದ ಸಂತೆಗೆ ಹೊರಟರೂ ಅಜ್ಜಿಯ ಕಡೆ ಮುಖ ಮಾಡಿಕೊಂಡೇ ಬಾಗಿಲ ತನಕ ಹಿಂದಕ್ಕೆ ನಡೆಯುತ್ತಿದ್ದ. ಒಮ್ಮೆ ಮಜ್ಜಿಗೆ ಗಡಿಗೆಯಲ್ಲೇ ಕಾಲಿಟ್ಟ. ಅಂದಿನಿಂದ ಅಜ್ಜಿ ರೊಟ್ಟಿ ಬಡಿಯುತ್ತಲೇ ದಿನಾ ಎಚ್ಚರಿಸುತ್ತಿದ್ದಳು: “ಹೊಸ್ತಲಾ ಐತಿ, ಸಾವಕಾಶ.”

ಮಾತಾಡುವ ಸಿನಿಮಾ ಆಗಷ್ಟೇ ಬಂದಿದ್ದ ಕಾಲದಲ್ಲಿ ಅಜ್ಜ ಕೊಲ್ಲಾಪುರಕ್ಕೆ ಹೋಗಿ ಒಂದು ಟಾಕಿಯಲ್ಲಿ ರಾಜನ ಸಿಪಾಯಿಯಾಗಿದ್ದನಂತೆ. ಸಾಕ್ಷಿಗೆ ಒಂದು ಫೋಟೋ ಕೂಡ ಇರಲಿಲ್ಲ. ಅವನ ಮಗಳು, ಅಂದರೆ ನನ್ನ ಸೋದರತ್ತೆ, ಹುಕ್ಕೇರಿಗೆ ಸೊಸೆಯಾಗಿ ಹೋದ ವಾರದಲ್ಲೇ ಇದನ್ನು ಹೇಳಿಕೊಂಡು ಸಿಕ್ಕಿಬಿದ್ದಳು. “ನಿಮ್ಮಪ್ಪಾರು ಟಾಕಿದಾಗ ಇದ್ರೋ, ಟಾಕಿ ಮುಂದ ಶೇಂಗಾ ಮಾರತಿದ್ರೋ?” ಎಂದರು ಅವಳ ಮೈದುನ. ಮನೆಯವರೆಲ್ಲ ನಕ್ಕರು. ಆ ಶೇಂಗಾ ಅತ್ತೆಯನ್ನು ಮುದುಕಿಯಾಗುವವರೆಗೂ ಬಿಡಲಿಲ್ಲ. ಮದುವೆಯಿರಲಿ, ಕುಬಸವಿರಲಿ, ತಾಟಿನಲ್ಲಿ ಶೇಂಗಾ ಕಂಡರೆ ಸಾಕು, ಮೈದುನರಿಗೆ ನಮ್ಮಜ್ಜನ ನೆನಪಾಗುತ್ತಿತ್ತು. ಅಪ್ಪನನ್ನು ಸುಳ್ಳ ಎಂದುಬಿಟ್ಟರಲ್ಲ ಎಂದು ಅತ್ತೆ ನನ್ನೆದುರು ಎಷ್ಟೋ ಸಲ ಅತ್ತಿದ್ದಾಳೆ.

ಕಳೆದ ಚಳಿಗಾಲದಲ್ಲಿ, ಅಜ್ಜ ಹೇಳುತ್ತಿದ್ದ ಹೆಸರಿನ ಅದೇ ಟಾಕಿ ನನ್ನ ಮೊಬೈಲಿನಲ್ಲಿ ಸಿಕ್ಕಿಬಿಟ್ಟಿತು. ಪೂರ್ತಿ ನೋಡುವಷ್ಟು ತಾಳ್ಮೆ ನನಗೆಲ್ಲಿ? ಗೋಕಾಕದಿಂದ ಸಿಕ್ಕ ಬಸ್ಸು ಹತ್ತಿ ಹುಕ್ಕೇರಿಗೆ ಓಡಿದೆ. ಅತ್ತೆ ಬಾಜೂ ಮನೆಯಲ್ಲಿದ್ದ ಅದೇ ಮೈದುನರನ್ನೂ ಕರೆಸಿ ಎದುರಿಗೆ ಕೂರಿಸಿಕೊಂಡಳು.

ಗೀರು ಬಿದ್ದ ಚಿತ್ರ, ಗೊರಗೊರ ಸದ್ದು. ದರ್ಬಾರಿಗೆ ಐದು ಮಂದಿ ಸಿಪಾಯಿಗಳು ಬಂದರು. ಐವರಿಗೂ ಕಣ್ಣಿನ ತನಕ ಒಂದೇ ಥರದ ಗಡ್ಡ! ಐವರೂ ಒಟ್ಟಿಗೆ “ಅಪ್ಪಣೆ” ಎಂದರು. ಅತ್ತೆ ಮೊಬೈಲಿಗೆ ಮೂಗು ತಾಗಿಸಿ ಹುಡುಕಿದಳು. ಗುರುತು ಸಿಗಲಿಲ್ಲ. ಮೊದಲೇ ನೋಡಿಕೊಂಡು ಬರಬಾರದಿತ್ತೇ ಎಂದು ನನಗೆ ನಾನೇ ಬೈದುಕೊಂಡೆ.

“ವೈನಿ, ಇದ್ರಾಗ ನಿಮ್ಮಪ್ಪಾರು ಯಾರ್ರಿ?” ಎಂದರು ಮೈದುನ.

ಅಷ್ಟರಲ್ಲಿ ರಾಜ ಕೈ ಬೀಸಿ ಸಿಪಾಯಿಗಳಿಗೆ ಹೋಗಲು ಹೇಳಿದ. ನಾಲ್ವರು ಗಿರ್ರನೆ ತಿರುಗಿ ನಡೆದರು. ಐದನೆಯವನು ತಿರುಗಲಿಲ್ಲ. ನಮ್ಮತ್ತ ಮುಖ ಮಾಡಿಕೊಂಡೇ, ಬಲು ಗತ್ತಿನಿಂದ, ಒಂದೊಂದೇ ಹೆಜ್ಜೆ ಹಿಂದೆ ಸರಿದ. ಅವನ ಭರ್ಜಿ ಬಾಗಿಲಿಗೆ ಬಡಿದು ಠಣ್ ಎಂದದ್ದೂ ಸ್ಪಷ್ಟವಾಗಿ ಕೇಳಿಸಿತು.

ಅತ್ತೆ ತೊಡೆ ತಟ್ಟಿ ನಕ್ಕಳು. ನಗುತ್ತ ನಗುತ್ತಲೇ ಕಣ್ಣಲ್ಲಿ ನೀರು ಸುರಿಯಿತು.

“ಇಂವ ನೋಡ್ರಿ ನಮ್ಮಪ್ಪ. ಈಗ ಹೇಳ್ರಿ, ಶೇಂಗಾ ಎಲ್ಲಿ ಅದಾವು?”

ನನಗಂತೂ ಎದ್ದು ಕುಣಿಯುವಷ್ಟು ಖುಷಿ. ಮೈದುನರು ಮಾತ್ರ ಮೂರು ಸಲ ಹಾಕಿಸಿ ನೋಡಿದರು. ಚಹಾ ಕುಡಿದು ಮನೆಗೆ ಹೊರಟು ಎದ್ದು ನಿಂತವರು ಅತ್ತೆಗೆ ಕೈಮುಗಿದರು. ಆಮೇಲೆ ಬಾಗಿಲ ಕಡೆ ತಿರುಗಲೇ ಇಲ್ಲ. ಆ ವಯಸ್ಸಿನಲ್ಲಿ ಗೋಡೆ ಹಿಡಿದು, ಅತ್ತೆಯ ಕಡೆ ಮುಖ ಮಾಡಿಕೊಂಡೇ, ಒಂದೊಂದೇ ಹೆಜ್ಜೆ ಹಿಂದಕ್ಕೆ ಇಡತೊಡಗಿದರು.

ಅತ್ತೆ ಸೆರಗಿನಿಂದ ಕಣ್ಣೊರೆಸಿಕೊಂಡಳು.

“ಹೊಸ್ತಲಾ ಐತ್ರಿ, ಸಾವಕಾಶ,” ಎಂದಳು.